ಸಾಲದ ಡಿಕ್ರಿಗೆ ಮನೆ, ಜಮೀನು ಹರಾಜಿಗೆ ಬಂದರೆ: ಪದೇ ಪದೇ ಕೇಳುವ ಪ್ರಶ್ನೆಗಳು

ಸಿವಿಲ್ ಕೋರ್ಟು ಹಣದ ಡಿಕ್ರಿ, ಅಂದರೆ ಇಷ್ಟು ಹಣ ಕೊಡಬೇಕು ಎಂಬ ತೀರ್ಪಿನ ಆದೇಶ, ಕೊಟ್ಟ ಮೇಲೆ ಅದರ ವಸೂಲಿಗಾಗಿ ನಡೆಯುವ ಹರಾಜಿನ ಬಗ್ಗೆ ಮುಖ್ಯವಾಗಿ ಇಲ್ಲಿ ಹೇಳಿದೆ. ಬ್ಯಾಂಕು ತಾನೇ ನಡೆಸುವ ಹರಾಜಿನ ದಾರಿ ಬೇರೆ, ಅದರ ಬಗ್ಗೆ ಕೊನೆಯ ಕಡೆಗೆ ನಾಲ್ಕು ಮಾತು ಇದೆ. ಬೇರೆ ಕಾಯ್ದೆಯ ಹೆಸರು ಹೇಳದ ಕಡೆಯಲ್ಲೆಲ್ಲ ಕಲಂ, ನಿಯಮಗಳು ಸಿವಿಲ್ ಪ್ರಕ್ರಿಯಾ ಸಂಹಿತೆ 1908ರವು. ನಿಯಮ ಎಂದಷ್ಟೇ ಬರೆದಿದ್ದರೆ ಅದು ಆದೇಶ 21ರದ್ದು. ಕೆಲವು ನಿಯಮಗಳಿಗೆ ಕರ್ನಾಟಕ ಹೈಕೋರ್ಟಿನ ತಿದ್ದುಪಡಿಗಳೂ ಇವೆ, ಅವನ್ನು ನಿಮ್ಮ ವಕೀಲರು ನೋಡಿಕೊಳ್ಳಬೇಕು.

ಡಿಕ್ರಿ ಆಗಿದೆ. ನಾಳೆಯೇ ಮನೆ ಹರಾಜು ಹಾಕಿಬಿಡುತ್ತಾರಾ?

ಇಲ್ಲ. ಡಿಕ್ರಿ ಪಡೆದವರು ಮೊದಲು ಅಮಲ್ಜಾರಿ ಅರ್ಜಿ, ಅಂದರೆ ಕೋರ್ಟಿನ ಆವರಣದಲ್ಲಿ ಎಲ್ಲರೂ ಇ.ಪಿ. ಎನ್ನುವುದನ್ನು ಹಾಕಬೇಕು. ಅದಕ್ಕೆ ಅವರಿಗೆ ಹನ್ನೆರಡು ವರ್ಷ ಕಾಲಾವಕಾಶವಿದೆ. ಹಾಗಾಗಿ ‘ಐದು ವರ್ಷ ಸುಮ್ಮನಿದ್ದರು, ಬಿಟ್ಟುಬಿಟ್ಟರು’ ಎಂದು ನೆಮ್ಮದಿಯಾಗಿ ಇರಬೇಡಿ. ಡಿಕ್ರಿಯಾಗಿ ಎರಡು ವರ್ಷ ಕಳೆದ ಮೇಲೆ ಇ.ಪಿ. ಹಾಕಿದರೆ ನಿಯಮ 22ರ ಪ್ರಕಾರ ಸಾಮಾನ್ಯವಾಗಿ ನಿಮಗೆ ನೋಟಿಸ್ ಕೊಡಲೇಬೇಕು. ಆಮೇಲೆ ಜಪ್ತಿ. ಅದಾದ ಮೇಲೆ ಹರಾಜು ಘೋಷಣೆಯ ಷರತ್ತುಗಳನ್ನು ಕೋರ್ಟು ಗೊತ್ತುಮಾಡುತ್ತದೆ, ಅದಕ್ಕೂ ನಿಮ್ಮನ್ನು ಕರೆಯಬೇಕು. ಘೋಷಣೆಯ ಪ್ರತಿಯನ್ನು ನ್ಯಾಯಾಲಯದ ಕಟ್ಟಡದಲ್ಲಿ ಅಂಟಿಸಿದ ದಿನದಿಂದ ಕನಿಷ್ಠ 15 ದಿನ ಕಳೆಯದೆ ಸ್ಥಿರಾಸ್ತಿಯನ್ನು ಹರಾಜು ಮಾಡುವಂತಿಲ್ಲ. ಹರಾಜಾದರೂ ಕೋರ್ಟು ಅದನ್ನು ದೃಢೀಕರಿಸುವವರೆಗೆ ಖರೀದಿ ಪೂರ್ತಿಯಾಗುವುದಿಲ್ಲ.

ಮೊದಲೆಲ್ಲ ಇದು ವರ್ಷಗಟ್ಟಲೆ ಎಳೆಯುತ್ತಿತ್ತು. ಬೆಂಗಳೂರಿನ ಆಸ್ತಿಯೊಂದರ ವ್ಯಾಜ್ಯದಲ್ಲಿ ಸುಪ್ರೀಂ ಕೋರ್ಟು 2021ರ ಏಪ್ರಿಲ್‌ನಲ್ಲಿ, ಇ.ಪಿ. ಹಾಕಿದ ಆರು ತಿಂಗಳೊಳಗೆ ಅದನ್ನು ಮುಗಿಸಬೇಕು, ತಡವಾದರೆ ಕಾರಣ ಬರೆದಿಡಬೇಕು ಎಂದು ಎಲ್ಲ ಕೋರ್ಟುಗಳಿಗೂ ಹೇಳಿದೆ. ವಾಯಿದಾ ಕೇಳುತ್ತ ಹೋದರಾಯಿತು ಎಂಬ ಹಳೆಯ ಲೆಕ್ಕಾಚಾರವನ್ನು ನಂಬಿ ಕೂರುವ ಕಾಲ ಹೋಯಿತು.

ಅಮೀನರು (ಕೋರ್ಟಿನ ನೋಟಿಸ್ ತಲುಪಿಸುವ ಸಿಬ್ಬಂದಿ) ಬಂದಾಗ ನೋಟಿಸ್ ತೆಗೆದುಕೊಳ್ಳಲಿಲ್ಲ. ಬಾಗಿಲಿಗೆ ಅಂಟಿಸಿ ಹೋದರು. ಅದು ಲೆಕ್ಕಕ್ಕೆ ಬರುತ್ತದಾ?

ಬರುತ್ತದೆ. ನಿರಾಕರಿಸಿದರೆ ಅಂಟಿಸುವುದಕ್ಕೆ ಕಾನೂನಿನಲ್ಲೇ ಅವಕಾಶವಿದೆ. ಅಮೀನರ ವರದಿ ನೋಡಿ ಕೋರ್ಟು ‘ಜಾರಿಯಾಗಿದೆ’ ಎಂದು ಬರೆದುಕೊಳ್ಳುತ್ತದೆ. ಸಹಿ ಹಾಕದಿದ್ದರೆ ಕೇಸು ನಿಲ್ಲುತ್ತದೆ ಎಂಬ ನಂಬಿಕೆಯಷ್ಟು ಮನೆಗಳನ್ನು ಕಳೆದದ್ದು ಇನ್ನೊಂದಿಲ್ಲ. ತೆಗೆದುಕೊಳ್ಳಿ, ಸಹಿ ಹಾಕಿ, ಸಹಿಯ ಕೆಳಗೆ ತಾರೀಕು ಬರೆಯಿರಿ. ಆ ತಾರೀಕು ಮುಂದೆ ನಿಮಗೇ ಬೇಕಾಗುತ್ತದೆ.

ಆದರೆ ಯಾರೂ ಬರಲೇ ಇಲ್ಲ, ಪಕ್ಕದೂರಿನಲ್ಲಿ ಕೂತು ವರದಿ ಬರೆದಿದ್ದಾರೆ ಎಂದಾದರೆ ಅದು ಬೇರೆ ಮಾತು. ಅಂಥ ವರದಿಯ ದೃಢೀಕೃತ ನಕಲು ತೆಗೆಸಿ. ಸಾಕ್ಷಿಗಳೆಂದು ಯಾರ ಹೆಸರಿದೆ, ಯಾವ ಹೊತ್ತಿಗೆ ಬಂದೆವೆಂದು ಬರೆದಿದ್ದಾರೆ, ಚಕ್ಕುಬಂದಿ ಸರಿಯಿದೆಯೇ, ತಮಟೆ ಹೊಡೆಸಿ ಸಾರಿದ್ದಾಗಿ ಬರೆದಿದ್ದರೆ ಹೊಡೆದವನ ಹೆಸರೋ ಹೆಬ್ಬೆಟ್ಟೋ ಇದೆಯೇ ನೋಡಿ. ನಿಯಮ 54ರ ಪ್ರಕಾರ ಜಪ್ತಿ ಆದೇಶವನ್ನು ಆಸ್ತಿ ಇರುವ ಜಾಗದಲ್ಲಿ ಅಥವಾ ಹತ್ತಿರದಲ್ಲಿ ಡಂಗುರ ಹೊಡೆಸಿಯೋ ರೂಢಿಯ ಬೇರೆ ರೀತಿಯಲ್ಲೋ ಸಾರಬೇಕು. ಪ್ರತಿಯನ್ನು ಆಸ್ತಿಯ ಮೇಲೂ ಕೋರ್ಟಿನಲ್ಲೂ ಅಂಟಿಸಬೇಕು. ಕಂದಾಯ ಕಟ್ಟುವ ಜಮೀನಾದರೆ ಜಿಲ್ಲಾಧಿಕಾರಿ ಕಚೇರಿಯಲ್ಲೂ, ಹಳ್ಳಿಯ ಜಮೀನಾದರೆ ಪಂಚಾಯಿತಿ ಕಚೇರಿ ಇದ್ದಲ್ಲಿ ಅಲ್ಲೂ ಅಂಟಿಸಬೇಕು. ಹರಾಜು ಘೋಷಣೆಗೂ ಇದೇ ಕ್ರಮ. ಸತ್ತವರ ಹೆಸರು ಸಾಕ್ಷಿಯ ಜಾಗದಲ್ಲಿದ್ದರೆ, ಸರ್ವೆ ನಂಬರು ತಪ್ಪಿದ್ದರೆ ನಿಮ್ಮ ಅರ್ಜಿಗೆ ಅಲ್ಲೇ ಜೀವ ಬರುತ್ತದೆ.

ಕೇಸು ನಡೆದದ್ದೇ ನಮಗೆ ಗೊತ್ತಿಲ್ಲ. ಏಕಪಕ್ಷೀಯ ಡಿಕ್ರಿ ಆಗಿದೆ. ಏನು ಮಾಡುವುದು?

ಡಿಕ್ರಿ ಕೊಟ್ಟ ಕೋರ್ಟಿಗೇ ಆದೇಶ 9 ನಿಯಮ 13ರ ಅಡಿ ಅರ್ಜಿ ಹಾಕಬೇಕು. 30 ದಿನದ ಗಡುವಿದೆ. ಸಮನ್ಸ್ ಸರಿಯಾಗಿ ಜಾರಿಯಾಗದೆ ಇದ್ದರೆ ಡಿಕ್ರಿಯ ವಿಷಯ ತಿಳಿದ ದಿನದಿಂದ ಲೆಕ್ಕ. ಇಲ್ಲಿ ತಡವಾಗಿದ್ದರೆ ವಿಳಂಬ ಮನ್ನಿಸಲು ಕೇಳಬಹುದು. ಇ.ಪಿ. ನಡೆಸುತ್ತಿರುವ ಕೋರ್ಟು ಡಿಕ್ರಿ ಸರಿಯೋ ತಪ್ಪೋ ಎಂದು ನೋಡುವುದಿಲ್ಲ, ಅದರಲ್ಲಿ ಬರೆದದ್ದನ್ನು ಜಾರಿ ಮಾಡುವುದಷ್ಟೇ ಅದರ ಕೆಲಸ. ‘ನಾನು ಸಾಲವನ್ನೇ ತೆಗೆದುಕೊಂಡಿಲ್ಲ, ಪ್ರೊನೋಟಿನ ಸಹಿ ನನ್ನದಲ್ಲ’ ಎಂದು ಅಲ್ಲಿ ಎಷ್ಟು ವಾದಿಸಿದರೂ ಉಪಯೋಗವಿಲ್ಲ.

ಒಂದು ಅಪಾಯ ಮಾತ್ರ ನೆನಪಿರಲಿ. ಡಿಕ್ರಿ ರದ್ದಾಗುವ ಮೊದಲೇ ಹರಾಜು ನಡೆದು, ಕೇಸಿಗೆ ಸಂಬಂಧವಿಲ್ಲದ ಮೂರನೆಯವರು ಪ್ರಾಮಾಣಿಕವಾಗಿ ಕೊಂಡಿದ್ದರೆ, ಡಿಕ್ರಿ ಆಮೇಲೆ ರದ್ದಾದರೂ ಸಾಮಾನ್ಯವಾಗಿ ಅವರ ಖರೀದಿ ಉಳಿಯುತ್ತದೆ. ಡಿಕ್ರಿದಾರರೇ ಕೊಂಡಿದ್ದರೆ ಮಾತ್ರ ಕಲಂ 144ರ ಅಡಿ ಆಸ್ತಿ ವಾಪಸು ಕೇಳಬಹುದು. ಆದ್ದರಿಂದ ಏಕಪಕ್ಷೀಯ ಡಿಕ್ರಿ ರದ್ದುಮಾಡಿ ಎಂಬ ಅರ್ಜಿಯ ಜೊತೆಗೇ ಹರಾಜಿಗೆ ತಡೆ ಕೇಳುವ ಐಎ, ಅಂದರೆ ಮಧ್ಯಂತರ ಅರ್ಜಿಯನ್ನೂ ಅದೇ ದಿನ ಹಾಕಬೇಕು.

ಯಾವ ಆಸ್ತಿಯನ್ನು ಜಪ್ತಿ ಮಾಡುವಂತಿಲ್ಲ?

ಕಲಂ 60ರಲ್ಲಿ ದೊಡ್ಡ ಪಟ್ಟಿಯೇ ಇದೆ: ತೊಡುವ ಬಟ್ಟೆ, ಅಡುಗೆ ಪಾತ್ರೆ, ಹಾಸಿಗೆ, ಕುಶಲಕರ್ಮಿಯ ಹತ್ಯಾರುಗಳು, ರೈತನಾದರೆ ಬೇಸಾಯದ ಸಲಕರಣೆ, ಬೇಸಾಯಕ್ಕೆ ಬೇಕಾದ ದನ, ಬಿತ್ತನೆ ಬೀಜ. ಸರ್ಕಾರಿ ಪಿಂಚಣಿ, ಭವಿಷ್ಯನಿಧಿಗೂ ರಕ್ಷಣೆಯಿದೆ.

ನಮ್ಮ ಕಡೆ ಹೆಚ್ಚು ಉಪಯೋಗಕ್ಕೆ ಬರುವುದು ಇದೇ ಕಲಂನ ಇನ್ನೊಂದು ಸಾಲು. ರೈತ, ಕೂಲಿಕಾರ ಅಥವಾ ಮನೆಗೆಲಸದವರು ತಾವೇ ವಾಸವಿರುವ ಸ್ವಂತ ಮನೆ, ಅದರ ನಿವೇಶನ, ಮನೆಗೆ ಹೊಂದಿಕೊಂಡ ಜಾಗ ಜಪ್ತಿಗೆ ಬರುವುದಿಲ್ಲ. ಆದರೆ ‘ರೈತ’ ಎಂಬುದನ್ನು ನೀವೇ ರುಜುವಾತು ಮಾಡಬೇಕು. ಬದುಕು ಮುಖ್ಯವಾಗಿ ಬೇಸಾಯದ ಆದಾಯದ ಮೇಲೆಯೇ ನಿಂತಿರಬೇಕು. ಪಹಣಿಯಲ್ಲಿ ಹೆಸರಿದ್ದು, ಪೇಟೆಯಲ್ಲಿ ಹಾರ್ಡ್‌ವೇರ್ ಅಂಗಡಿ ನಡೆಸುವವರಿಗೆ ಇದು ಸಿಗುವುದು ಕಷ್ಟ. ಸಾಲ ಕೊಡುವಾಗಲೇ ‘ಈ ರಕ್ಷಣೆ ನನಗೆ ಬೇಡ’ ಎಂದು ಬರೆಸಿಕೊಂಡಿದ್ದರೆ ಆ ಬರಹಕ್ಕೆ ಬೆಲೆಯಿಲ್ಲ. ಮನೆಯನ್ನೇ ಅಡಮಾನ ಮಾಡಿದ್ದರೆ ಮಾತ್ರ ಕಥೆ ಬೇರೆ. ಅಲ್ಲಿ ಜಪ್ತಿಯ ಅಗತ್ಯವೇ ಇಲ್ಲದ್ದರಿಂದ ಈ ರಕ್ಷಣೆಯೂ ನೆರವಿಗೆ ಬರುವುದಿಲ್ಲ.

ಕರ್ನಾಟಕದಲ್ಲಿ ಇನ್ನೊಂದು ಮುಖ್ಯ ಕಾನೂನಿದೆ. ಪರಿಶಿಷ್ಟ ಜಾತಿ, ಪಂಗಡದವರಿಗೆ ಸರ್ಕಾರ ಮಂಜೂರು ಮಾಡಿದ ಜಮೀನನ್ನು 1978ರ ಪರಭಾರೆ ನಿಷೇಧ ಕಾಯ್ದೆ, ಅಂದರೆ ಎಲ್ಲರ ಬಾಯಲ್ಲಿರುವ ಪಿಟಿಸಿಎಲ್, ಕಾಯುತ್ತದೆ. ಸರ್ಕಾರದ ಪೂರ್ವಾನುಮತಿ ಇಲ್ಲದೆ ಅಂಥ ಜಮೀನು ಮಾರುವಂತಿಲ್ಲ ಎಂಬ ನಿಷೇಧ ಸಿವಿಲ್ ಕೋರ್ಟಿನ ಡಿಕ್ರಿಗಾಗಿ ನಡೆಯುವ ಹರಾಜಿಗೂ ಅನ್ವಯಿಸುತ್ತದೆ ಎಂದು ಕಲಂ 4ರಲ್ಲೇ ಬರೆದಿದೆ. ಮಂಜೂರಾತಿ ಆದೇಶ ಅಥವಾ ಸಾಗುವಳಿ ಚೀಟಿಯ ನಕಲನ್ನು ಇ.ಪಿ. ನಡೆಯುವ ಕೋರ್ಟಿಗೆ ಮೊದಲ ದಿನವೇ ಕೊಡಿ. ಹರಾಜು ಮುಗಿದಿದ್ದರೆ ಉಪವಿಭಾಗಾಧಿಕಾರಿಗಳ ಮುಂದೆ ಅರ್ಜಿ ಹಾಕುವ ದಾರಿಯಿದೆ.

ಬಾಕಿ ಮೂರು ಲಕ್ಷ. ಹರಾಜಿಗೆ ಹಾಕಿರುವುದು ನಾಲ್ಕು ಎಕರೆ. ಇದು ನ್ಯಾಯವೇ?

ಅಲ್ಲ, ಕಾನೂನೂ ಅಲ್ಲ. ಡಿಕ್ರಿ ತೀರಿಸಲು ಎಷ್ಟು ಬೇಕೋ ಅಷ್ಟು ಭಾಗವನ್ನು ಮಾತ್ರ ಮಾರಬೇಕು ಎಂದು ನಿಯಮ 64 ಹೇಳುತ್ತದೆ. ಸಣ್ಣ ಸಾಲಕ್ಕೆ ಹತ್ತು ಎಕರೆ ಇಡಿಯಾಗಿ ಹರಾಜಾಗಿದ್ದ ಆಂಧ್ರದ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟು 1989ರಲ್ಲಿ, ಇದು ಕೋರ್ಟಿನ ಮರ್ಜಿಗೆ ಬಿಟ್ಟ ವಿಷಯವಲ್ಲ, ಕೋರ್ಟು ಮಾಡಲೇಬೇಕಾದ ಕೆಲಸ, ಈ ಪ್ರಶ್ನೆಯನ್ನು ನೋಡದೆ ನಡೆಸಿದ ಹರಾಜಿಗೆ ಅಧಿಕಾರವ್ಯಾಪ್ತಿಯೇ ಇರುವುದಿಲ್ಲ ಎಂದು ಹೇಳಿತು. ಎಷ್ಟೋ ಇ.ಪಿ.ಗಳಲ್ಲಿ ಈ ಒಂದೇ ಅಂಶ ಸಾಲಗಾರನನ್ನು ಉಳಿಸಿದೆ.

ಆದರೆ ಬರಿಯ ವಾದ ಸಾಲದು, ಭಾಗ ಮಾಡುವುದು ಹೇಗೆಂದು ತೋರಿಸಬೇಕು. ‘ಸರ್ವೆ ನಂಬರಿನ ದಕ್ಷಿಣದ ಮೂವತ್ತು ಗುಂಟೆ, ರಸ್ತೆಗೆ ಮುಖವಿದೆ, ಸಬ್‌ರಿಜಿಸ್ಟ್ರಾರ್ ಕಚೇರಿಯ ಮಾರ್ಗಸೂಚಿ ದರದಲ್ಲೇ ಬಾಕಿಗಿಂತ ಹೆಚ್ಚು ಬಾಳುತ್ತದೆ’ ಎಂದು ನಕ್ಷೆ ಹಾಕಿ ಕೊಟ್ಟರೆ ನ್ಯಾಯಾಧೀಶರಿಗೆ ಆದೇಶ ಬರೆಯುವುದು ಸುಲಭ. 30x40 ನಿವೇಶನದಲ್ಲಿ ಇರುವ ಒಂದೇ ಮನೆಯನ್ನು ಎರಡು ಮಾಡಲಾಗದು. ಅಲ್ಲಿ ಈ ಅಸ್ತ್ರ ಮೊಂಡು.

ಹರಾಜು ಘೋಷಣೆಯಲ್ಲಿ ಏನು ನೋಡಬೇಕು?

ಇಡೀ ಇ.ಪಿ.ಯಲ್ಲಿ ನಿಮ್ಮ ಮಾತಿಗೆ ಹೆಚ್ಚು ಬೆಲೆ ಇರುವ ಹಂತ ಇದೇ. ಈ ಹಂತದಲ್ಲೇ ಎತ್ತಬಹುದಾಗಿದ್ದ ಆಕ್ಷೇಪವನ್ನು ಎತ್ತದೆ ಬಿಟ್ಟರೆ ಹರಾಜಾದ ಮೇಲೆ ಅದೇ ಕಾರಣಕ್ಕೆ ಹರಾಜು ರದ್ದುಮಾಡಿ ಎನ್ನುವಂತಿಲ್ಲ. ನಿಯಮ 90(3) ಬಾಗಿಲು ಹಾಕಿಬಿಡುತ್ತದೆ. ಜನ ವಕೀಲರನ್ನು ಹುಡುಕಿಕೊಂಡು ಬರುವುದು ಮಾತ್ರ ಹರಾಜು ಮುಗಿದ ವಾರದಲ್ಲಿ!

ಕರಡು ಘೋಷಣೆಯನ್ನು ಕೈಯಲ್ಲಿ ಹಿಡಿದು ಷೆಡ್ಯೂಲಿನಿಂದ, ಅಂದರೆ ಆಸ್ತಿಯ ವಿವರದಿಂದ, ಶುರುಮಾಡಿ. ಸರ್ವೆ ನಂಬರು ಅಥವಾ ಖಾತೆ ನಂಬರು, ವಿಸ್ತೀರ್ಣ, ನಾಲ್ಕೂ ದಿಕ್ಕಿನ ಚಕ್ಕುಬಂದಿಯನ್ನು ನಿಮ್ಮ ಕ್ರಯಪತ್ರದ ಪಕ್ಕ ಇಟ್ಟು ಓದಿ. ಕೊಳವೆಬಾವಿ, ಅಡಿಕೆ ಮರ, ಮೇಲಂತಸ್ತು ಬಿಟ್ಟುಹೋಗಿದೆಯೇ ನೋಡಿ. ‘ಒಂದು ಹೆಂಚಿನ ಮನೆ’ ಎಂದು ಬರೆದು ಆರ್‌ಸಿಸಿ ಕಟ್ಟಡವನ್ನು ಹರಾಜು ಹಾಕಿದರೆ ಸವಾಲು ಕೂಗಲು ಬರುವವರು ಹೆಂಚಿನ ಮನೆಯ ಬೆಲೆಯನ್ನೇ ಮನಸ್ಸಿನಲ್ಲಿ ಇಟ್ಟುಕೊಂಡು ಬರುತ್ತಾರೆ. ಆಸ್ತಿಯ ಮೇಲಿನ ಬೇರೆ ಋಣಗಳನ್ನು ತೋರಿಸಿದ್ದಾರೆಯೇ, ತೀರಿಹೋದ ಸೊಸೈಟಿ ಸಾಲವನ್ನು ಇನ್ನೂ ಪಹಣಿಯ 11ನೇ ಕಾಲಂನಲ್ಲಿ ಇದೆಯೆಂದು ಸೇರಿಸಿದ್ದಾರೆಯೇ ಎಂಬುದನ್ನೂ ನೋಡಿ. ಇಲ್ಲದ ಸಾಲ ಕಾಣಿಸಿದರೂ ಬೆಲೆ ಬೀಳುತ್ತದೆ.

ಬೆಲೆಯ ವಿಷಯ: ಕೋರ್ಟು ತನ್ನದೇ ಅಂದಾಜು ಬರೆಯಬೇಕಾಗಿಲ್ಲ. ಆದರೆ ನೀವು ಅಂದಾಜು ಕೊಟ್ಟರೆ ಅದನ್ನು ಘೋಷಣೆಯಲ್ಲಿ ಸೇರಿಸಲೇಬೇಕು. ಡಿಕ್ರಿದಾರರು ಎಂಟು ಲಕ್ಷ ಎಂದರೆ ನೀವು ಇಪ್ಪತ್ತೆರಡು ಎನ್ನಿ, ಎರಡೂ ಅಚ್ಚಾಗಲಿ. ಅಕ್ಕಪಕ್ಕದ ಇತ್ತೀಚಿನ ಕ್ರಯಪತ್ರದ ನಕಲು ಒಂದೆರಡನ್ನು ಲಗತ್ತಿಸಿ. ಮುಂದೆ ಹರಾಜು ಪ್ರಶ್ನಿಸಬೇಕಾಗಿ ಬಂದರೆ ಇದೇ ಕಾಗದ ನಿಮ್ಮ ಸಾಕ್ಷಿ.

ಬಾಕಿ ಮೊತ್ತವನ್ನು ನೀವೇ ಕೂತು ಲೆಕ್ಕ ಹಾಕಿ. ಡಿಕ್ರಿಯಲ್ಲಿ ವರ್ಷಕ್ಕೆ ಶೇಕಡ 6ರ ಸರಳ ಬಡ್ಡಿ ಎಂದಿದ್ದು, ಇ.ಪಿ.ಯಲ್ಲಿ ಪ್ರೊನೋಟಿನ ಬಡ್ಡಿ ಸೇರಿಸಿದ್ದರೆ ಕೂಡಲೇ ಆಕ್ಷೇಪ ಹಾಕಿ. ಡಿಕ್ರಿ ಮೀರಿ ಒಂದು ರೂಪಾಯಿಯನ್ನೂ ವಸೂಲಿ ಮಾಡುವಂತಿಲ್ಲ.

ಅರ್ಧ ಹಣ ಕೈಯಲ್ಲೇ ಕೊಟ್ಟಿದ್ದೇನೆ. ಈಗ ಇಲ್ಲ ಎನ್ನುತ್ತಿದ್ದಾರೆ.

ಕೋರ್ಟಿನ ಹೊರಗೆ ಕೊಟ್ಟ ಹಣವನ್ನು ನಿಯಮ 2ರ ಅಡಿ ಕೋರ್ಟಿನಲ್ಲಿ ದಾಖಲಿಸಬೇಕು. ನೀವು ಅರ್ಜಿ ಹಾಕುವುದಾದರೆ ಹಣ ಕೊಟ್ಟ 30 ದಿನದೊಳಗೆ. ದಾಖಲಾಗದ ಹಣವನ್ನು ಇ.ಪಿ. ಕೋರ್ಟು ಲೆಕ್ಕಕ್ಕೇ ತೆಗೆದುಕೊಳ್ಳುವುದಿಲ್ಲ, ಊರಿನ ಹಿರಿಯರ ಎದುರು ಎಣಿಸಿ ಕೊಟ್ಟಿದ್ದರೂ ಅಷ್ಟೆ. ಬರಹದ ಸಾಕ್ಷ್ಯ ಇರಬೇಕು, ಇಲ್ಲವೇ ಡಿಕ್ರಿದಾರರೇ ಒಪ್ಪಬೇಕು. ಡಿಕ್ರಿಯಾದ ಮೇಲೆ ಕೊಡುವ ಪ್ರತಿ ಕಂತನ್ನೂ ಚಲನ್ ಮೂಲಕ ಕೋರ್ಟಿಗೇ ಕಟ್ಟಿ, ಅಥವಾ ಅವರ ಬ್ಯಾಂಕ್ ಖಾತೆಗೆ ಹಾಕಿ ಮುಂದಿನ ವಾಯಿದಾದಲ್ಲೇ ಮೆಮೊ ಕೊಡಿ.

ಹರಾಜು ಬೇಡ, ನಾನೇ ಒಳ್ಳೆಯ ಬೆಲೆಗೆ ಮಾರಿ ತೀರಿಸುತ್ತೇನೆ ಎಂದರೆ?

ನಿಯಮ 83 ಅದಕ್ಕೆಂದೇ ಇದೆ. ಮಾರಿಯೋ ಅಡಮಾನ ಮಾಡಿಯೋ ಗುತ್ತಿಗೆ ಕೊಟ್ಟೋ ಹಣ ಹೊಂದಿಸಬಲ್ಲೆ ಎಂದು ಕೋರ್ಟಿಗೆ ನಂಬಿಕೆ ಬರಿಸಿದರೆ ಹರಾಜು ಮುಂದೂಡಿ, ಇಂತಿಷ್ಟು ಸಮಯದೊಳಗೆ ಮಾರಬಹುದು ಎಂದು ಪ್ರಮಾಣಪತ್ರ ಕೊಡುತ್ತದೆ. ಕೊಳ್ಳುವವರ ಹಣ ನಿಮ್ಮ ಕೈಗಲ್ಲ, ಕೋರ್ಟಿಗೆ ಬರಬೇಕು. ಆ ಮಾರಾಟವನ್ನು ಕೋರ್ಟು ದೃಢೀಕರಿಸಬೇಕು. ಅಡಮಾನದ ಡಿಕ್ರಿಗೆ ಈ ಸೌಲಭ್ಯವಿಲ್ಲ. ಕೊಳ್ಳುವವರ ಒಪ್ಪಿಗೆ ಪತ್ರ, ಸಾಧ್ಯವಾದರೆ ಸ್ವಲ್ಪ ಮುಂಗಡವನ್ನು ಕೋರ್ಟಿಗೆ ಕಟ್ಟಿಸಿ ಅರ್ಜಿ ಹಾಕಿ. ಬರಿಗೈಯಲ್ಲಿ ‘ಮೂರು ತಿಂಗಳು ಕೊಡಿ ಸ್ವಾಮಿ’ ಎಂದರೆ ಸಿಗುವುದಿಲ್ಲ.

ಜಪ್ತಿಯಾದ ಮೇಲೆ ಕೋರ್ಟಿಗೆ ಹೇಳದೆ ಮಾರಿದರೆ ಆ ಕ್ರಯ ಡಿಕ್ರಿದಾರರ ಮಟ್ಟಿಗೆ ನಡೆಯುವುದಿಲ್ಲ. ಹೆಂಡತಿ ಹೆಸರಿಗೆ ದಾನಪತ್ರ ಮಾಡಿಸುವ ಉಪಾಯವನ್ನು ಯಾರಾದರೂ ಹೇಳಿಕೊಟ್ಟರೆ ಕೇಳಬೇಡಿ. ಸಾಲಿಗರನ್ನು ವಂಚಿಸಲು ಮಾಡಿದ ವರ್ಗಾವಣೆ ಎಂದು ಅದು ಬಿದ್ದುಹೋಗುತ್ತದೆ, ನಿಮ್ಮ ಮಾತಿನ ಮೇಲಿನ ನಂಬಿಕೆಯೂ ಹೋಗುತ್ತದೆ.

ಮೇಲ್ಮನವಿ ಹಾಕಿದ್ದೇವೆ. ಹರಾಜು ತಾನಾಗಿಯೇ ನಿಲ್ಲುತ್ತದಲ್ಲವೇ?

ನಿಲ್ಲುವುದಿಲ್ಲ. ತಡೆಯಾಜ್ಞೆ ಬೇರೆಯೇ ಕೇಳಬೇಕು. ಹಣದ ಡಿಕ್ರಿಯಲ್ಲಿ ಮೇಲ್ಮನವಿ ನ್ಯಾಯಾಲಯ ಸಾಮಾನ್ಯವಾಗಿ ಒಂದು ಭಾಗ ಠೇವಣಿ ಇಡಿ ಎನ್ನುತ್ತದೆ. ಅಷ್ಟಾಗಿ ಬಳಕೆಯಲ್ಲಿಲ್ಲದ ಇನ್ನೊಂದು ದಾರಿ ಆದೇಶ 41 ನಿಯಮ 6(2). ಸ್ಥಿರಾಸ್ತಿ ಹರಾಜಿಗೆ ಆದೇಶವಾಗಿದ್ದು ಡಿಕ್ರಿಯ ಮೇಲೆ ಮೇಲ್ಮನವಿ ಬಾಕಿಯಿದ್ದರೆ, ಹರಾಜಿಗೆ ಆದೇಶ ಮಾಡಿದ ಕೋರ್ಟಿನಲ್ಲೇ ಅರ್ಜಿ ಹಾಕಬಹುದು. ತಾನು ಹೇಳುವ ಭದ್ರತೆ ಪಡೆದು ಆ ಕೋರ್ಟು ಹರಾಜು ನಿಲ್ಲಿಸಬೇಕು. ನಿಲ್ಲಿಸಬಹುದು ಎಂದಲ್ಲ, ನಿಲ್ಲಿಸಬೇಕು.

ಹರಾಜಿನ ದಿನ ದುಡ್ಡು ಹೊಂದಿತು. ತಡವಾಯಿತೇ?

ಸವಾಲು ಮುಗಿದು ಆಸ್ತಿ ಯಾರದೋ ಹೆಸರಿಗೆ ಬೀಳುವ ಮೊದಲು ಬಾಕಿ ಮತ್ತು ಖರ್ಚನ್ನು ಹರಾಜು ನಡೆಸುವ ಅಧಿಕಾರಿಗೆ ಕೊಟ್ಟರೆ, ಅಥವಾ ಕೋರ್ಟಿಗೆ ಕಟ್ಟಿದ ರಸೀದಿ ತೋರಿಸಿದರೆ ಹರಾಜು ನಿಲ್ಲಿಸಲೇಬೇಕು.

ಇಲ್ಲಿ ಇನ್ನೊಂದು ಮಾತು. ಹರಾಜನ್ನು 30 ದಿನಕ್ಕಿಂತ ಹೆಚ್ಚು ಮುಂದೂಡಿದರೆ ಹೊಸದಾಗಿ ಘೋಷಣೆ ಹೊರಡಿಸಬೇಕು, ನೀವು ಬೇಡ ಎಂದರೆ ಮಾತ್ರ ಬೇಕಾಗಿಲ್ಲ. ವಾಯಿದಾ ಪಡೆಯುವ ಅವಸರದಲ್ಲಿ ‘ಮರುಘೋಷಣೆ ಬೇಕಾಗಿಲ್ಲ’ ಎಂಬ ಮೆಮೊಗೆ ಸಹಿ ಹಾಕಿಸಿಕೊಳ್ಳುವುದು ರೂಢಿ. ಹಾಕುವ ಮುಂಚೆ ಓದಿ. ಹಾಕಿದರೆ ಮುಂದೆ ‘ಘೋಷಣೆಯೇ ಆಗಲಿಲ್ಲ, ಕೊಳ್ಳುವವರೇ ಬರಲಿಲ್ಲ’ ಎನ್ನಲು ಬಾಯಿರುವುದಿಲ್ಲ.

ಹರಾಜು ಮುಗಿದೇಹೋಯಿತು. ಇನ್ನು ದಾರಿ ಇದೆಯೇ?

ಇದೆ, ಆದರೆ ದಿನ ಎಣಿಸಬೇಕು. ದುಡ್ಡು ಹೊಂದುವುದಾದರೆ ನಿಯಮ 89ರ ಮುಂದೆ ಬೇರೆ ಯಾವುದೂ ಸಾಟಿಯಿಲ್ಲ. ತಪ್ಪು ಯಾರದು ಎಂಬ ಪ್ರಶ್ನೆಯೇ ಅಲ್ಲಿಲ್ಲ, ಹಣ ಕಟ್ಟಿದರೆ ಹರಾಜು ರದ್ದು. ಎರಡು ಮೊತ್ತ ಕಟ್ಟಬೇಕು: ಘೋಷಣೆಯಲ್ಲಿ ತೋರಿಸಿದ ಡಿಕ್ರಿ ಬಾಕಿ, ಮತ್ತು ಹರಾಜಿನಲ್ಲಿ ಕೊಂಡವರಿಗೆ ಖರೀದಿ ಬೆಲೆಯ ಶೇಕಡ 5.

ಒಂದು ಲೆಕ್ಕ ನೋಡಿ. ಘೋಷಣೆಯಲ್ಲಿ ಬಾಕಿ 6,85,000 ರೂಪಾಯಿ, ಮನೆ 18 ಲಕ್ಷಕ್ಕೆ ಹೋಗಿದೆ. 18 ಲಕ್ಷದ ಶೇಕಡ 5 ಎಂದರೆ 90,000. ಒಟ್ಟು 7,75,000 ಕಟ್ಟಿದರೆ ಮನೆ ಉಳಿಯುತ್ತದೆ. ಘೋಷಣೆಯ ನಂತರದ ಬಡ್ಡಿ, ಖರ್ಚನ್ನು ಈ ಠೇವಣಿಯಲ್ಲಿ ಸೇರಿಸಬೇಕಾಗಿಲ್ಲ, ಆ ಹೊಣೆ ಮಾತ್ರ ಬೇರೆಯಾಗಿ ಉಳಿದಿರುತ್ತದೆ. ಹರಾಜು ಜೂನ್ 3ಕ್ಕೆ ಆಗಿದ್ದರೆ ಅರವತ್ತನೇ ದಿನ ಆಗಸ್ಟ್ 2. ಅರ್ಜಿಯೂ ಠೇವಣಿಯೂ ಅದರೊಳಗೆ ಆಗಬೇಕು. ಹಿಂದೆ ಅರ್ಜಿಗೆ 60 ದಿನ, ಠೇವಣಿಗೆ 30 ದಿನ ಎಂಬ ಗೊಂದಲವಿತ್ತು. 2002ರ ತಿದ್ದುಪಡಿ ಎರಡನ್ನೂ 60 ಮಾಡಿತು. ಹಳೆಯ ಪುಸ್ತಕ ನೋಡಿ 30 ಎನ್ನುವವರು ಈಗಲೂ ಇದ್ದಾರೆ. ಹಣ ಒಂದು ಸಾವಿರ ಕಡಿಮೆಯಾದರೂ ಅರ್ಜಿ ಬೀಳುವ ಅಪಾಯವಿದೆ. ಕೋರ್ಟಿನ ಕಚೇರಿಯಲ್ಲಿ ಮೊತ್ತ ಖಚಿತಪಡಿಸಿಕೊಂಡು ಚಲನ್ ಬರೆಸಿ.

ಅರ್ಜಿಯನ್ನು ನೀವೇ ಹಾಕಬೇಕೆಂದಿಲ್ಲ. ಆಸ್ತಿಯಲ್ಲಿ ಹಿತಾಸಕ್ತಿ ಇರುವ ಯಾರೂ ಹಾಕಬಹುದು.

ಹರಾಜೇ ಮೋಸದಿಂದ ನಡೆದಿದೆ. ಶೇಕಡ 5 ನಾನೇಕೆ ಕೊಡಲಿ?

ಹಾಗಾದರೆ ನಿಯಮ 90. ಇಲ್ಲಿ ಮೂರು ಗಂಟು ಬಿಚ್ಚಬೇಕು. ಘೋಷಣೆ ಪ್ರಕಟಿಸುವುದರಲ್ಲಿ ಅಥವಾ ಹರಾಜು ನಡೆಸುವುದರಲ್ಲಿ ಗಣನೀಯ ಲೋಪವೋ ವಂಚನೆಯೋ ಆಗಿರಬೇಕು. ನಿಮಗೆ ಗಣನೀಯ ನಷ್ಟ ಆಗಿರಬೇಕು. ಆ ನಷ್ಟ ಆದದ್ದು ಆ ಲೋಪದಿಂದಲೇ ಎಂದು ತೋರಿಸಬೇಕು. ಇಪ್ಪತ್ತು ಲಕ್ಷದ ಜಮೀನು ಎಂಟು ಲಕ್ಷಕ್ಕೆ ಹೋಯಿತು ಎಂಬುದಷ್ಟೇ ಸಾಲದು, ಬೆಲೆ ಕಡಿಮೆಯಾಯಿತೆಂಬ ಒಂದೇ ಕಾರಣಕ್ಕೆ ಹರಾಜು ಬೀಳುವುದಿಲ್ಲ. ಡಂಗುರ ಹೊಡೆಯಲಿಲ್ಲ, ಆದ್ದರಿಂದ ಊರಿನವರಿಗೆ ತಿಳಿಯಲಿಲ್ಲ, ಆದ್ದರಿಂದ ಸವಾಲಿಗೆ ಬಂದವರು ಡಿಕ್ರಿದಾರರ ಕಡೆಯ ಇಬ್ಬರೇ, ಆದ್ದರಿಂದ ಎಂಟು ಲಕ್ಷ: ಹೀಗೆ ಕೊಂಡಿಗೆ ಕೊಂಡಿ ಸೇರಬೇಕು. ಗೊತ್ತಿದ್ದರೆ ಬರುತ್ತಿದ್ದೆ, ಹದಿನೈದು ಲಕ್ಷಕ್ಕೆ ಕೂಗುತ್ತಿದ್ದೆ ಎಂದು ಪಕ್ಕದ ಜಮೀನಿನವರು ಸಾಕ್ಷಿ ಹೇಳಿದರೆ ಮೌಲ್ಯಮಾಪಕರ ಹತ್ತು ಪುಟದ ವರದಿಗಿಂತ ಅದು ಭಾರ.

ಡಿಕ್ರಿದಾರರು ಕೋರ್ಟಿನ ಅನುಮತಿ ಇಲ್ಲದೆ ತಾವೇ ಕೊಂಡಿದ್ದರೆ ಅದೂ ಆಕ್ಷೇಪಕ್ಕೆ ಕಾರಣ. ಬೇನಾಮಿಯಾಗಿ ಸಂಬಂಧಿಕರ ಹೆಸರಲ್ಲಿ ಕೊಂಡಿದ್ದರೂ ಹಾಗೆಯೇ. ಜಪ್ತಿ ಸರಿಯಾಗಿ ಆಗಲಿಲ್ಲ ಎಂಬುದು ಮಾತ್ರ ಈ ನಿಯಮದಡಿ ಸ್ವತಃ ಕಾರಣವಾಗುವುದಿಲ್ಲ.

ನಿಯಮ 90ರ ಅರ್ಜಿ ಹಾಕಿ ಅದನ್ನು ವಾಪಸು ಪಡೆಯದೆ ನಿಯಮ 89ರ ಅರ್ಜಿ ನಡೆಸುವಂತಿಲ್ಲ. ಎರಡು ದೋಣಿಯಲ್ಲಿ ಕಾಲಿಡಲು ಕಾನೂನೇ ಬಿಡುವುದಿಲ್ಲ. ನನ್ನ ಅಭಿಪ್ರಾಯ ಕೇಳಿದರೆ, ಹಣ ಹೊಂದುವಂತಿದ್ದರೆ 89. ಮೋಸ ಮಾಡಿದವರಿಗೆ ಬುದ್ಧಿ ಕಲಿಸುವ ಹಟಕ್ಕೆ ಬಿದ್ದು ಅರವತ್ತು ದಿನ ಕಳೆದುಕೊಂಡು, ಆಮೇಲೆ 90ರಲ್ಲೂ ಸೋತವರು ಕಡಿಮೆಯಿಲ್ಲ.

ಅರವತ್ತು ದಿನ ಮೀರಿದೆ. ವಿಳಂಬ ಮನ್ನಿಸುವಂತೆ ಕೇಳಬಹುದೇ?

ಕೇಳುವಂತಿಲ್ಲ. ವಿಳಂಬ ಮನ್ನಿಸುವ ಪರಿಮಿತಿ ಕಾಯ್ದೆಯ ಕಲಂ 5 ಆದೇಶ 21ರ ಅರ್ಜಿಗಳಿಗೆ ಅನ್ವಯಿಸುವುದೇ ಇಲ್ಲ. ಆಸ್ಪತ್ರೆಯಲ್ಲಿದ್ದೆ, ವಕೀಲರು ಹೇಳಲಿಲ್ಲ ಎಂಬುದಾವುದೂ ನಡೆಯುವುದಿಲ್ಲ. ಕೊನೆಯ ದಿನ ಕೋರ್ಟಿಗೆ ರಜೆ ಇದ್ದರೆ ಮತ್ತೆ ತೆರೆಯುವ ದಿನ ಹಾಕಬಹುದು. ಮೇ ತಿಂಗಳ ಬೇಸಿಗೆ ರಜೆಯಲ್ಲಿ ಇದು ಬೇಕಾಗುತ್ತದೆ. ಹರಾಜಿನ ವಿಷಯವನ್ನೇ ವಂಚನೆಯಿಂದ ಮುಚ್ಚಿಟ್ಟಿದ್ದರೆ ವಂಚನೆ ತಿಳಿದ ದಿನದಿಂದ ಲೆಕ್ಕ ಎಂದು ಅದೇ ಕಾಯ್ದೆಯ ಕಲಂ 17ರ ಅಡಿ ವಾದಿಸಬಹುದು.

ಇದಲ್ಲದೆ ಹರಾಜು ಮೂಲದಲ್ಲೇ ಶೂನ್ಯ ಎನ್ನುವ ಪ್ರಕರಣಗಳಿವೆ. ಸವಾಲು ಹಿಡಿದವರು ಆಗಲೇ ಶೇಕಡ 25, ಹದಿನೈದನೇ ದಿನ ಕೋರ್ಟು ಮುಚ್ಚುವುದರೊಳಗೆ ಉಳಿದದ್ದು ಕಟ್ಟಬೇಕು. ಕಟ್ಟದಿದ್ದರೆ ಅಲ್ಲಿ ಹರಾಜೇ ನಡೆದಿಲ್ಲ ಎಂದು ಸುಪ್ರೀಂ ಕೋರ್ಟು 1954ರಲ್ಲೇ ಹೇಳಿದೆ. ನಮ್ಮ ಲೆಕ್ಕದ ಹರಾಜಿಗೆ ಆ ಹದಿನೈದನೇ ದಿನ ಜೂನ್ 18. ಚಲನ್‌ಗಳ ದೃಢೀಕೃತ ನಕಲು ತೆಗೆಸಿ ತಾರೀಕು ನೋಡಿ. ಜೂನ್ 19ರ ಮುದ್ರೆ ಕಂಡರೆ ಆ ಒಂದು ಕಾಗದ ಸಾಕು.

ಅರ್ಜಿ ವಜಾ ಆಯಿತು. ಮುಂದೆ?

ಆದೇಶ 43ರ ಅಡಿ ಮೇಲ್ಮನವಿ ಇದೆ. ಜಿಲ್ಲಾ ಮಟ್ಟದ ಕೋರ್ಟಿಗಾದರೆ 30 ದಿನ, ಹೈಕೋರ್ಟಿಗಾದರೆ 90 ದಿನ. ಅದೇ ಕಾರಣಕ್ಕೆ ಹೊಸ ದಾವಾ ಹಾಕುವಂತಿಲ್ಲ.

ಸಾಲ ಅಣ್ಣನದು, ಆಸ್ತಿ ನನ್ನದು. ನನ್ನ ಪಾಲನ್ನೂ ಜಪ್ತಿ ಮಾಡಿದ್ದಾರೆ.

ನಿಯಮ 58ರ ಅಡಿ ಆಕ್ಷೇಪಣೆ ಹಾಕಿ. ಹಕ್ಕಿನ ಪ್ರಶ್ನೆಯನ್ನು ಇ.ಪಿ. ಕೋರ್ಟೇ ವಿಚಾರಣೆ ಮಾಡಿ ತೀರ್ಮಾನಿಸುತ್ತದೆ, ಆ ತೀರ್ಮಾನಕ್ಕೆ ಡಿಕ್ರಿಯ ಬಲವಿದೆ. ಹರಾಜಾದ ಮೇಲೆ ಬಂದರೆ ಈ ಅರ್ಜಿ ತೆಗೆದುಕೊಳ್ಳುವುದಿಲ್ಲ, ಬೇಕೆಂದೇ ತಡಮಾಡಿದರೂ ತಳ್ಳಿಬಿಡಬಹುದು. ಹರಾಜಿನಲ್ಲಿ ಕೊಂಡವರು ಸ್ವಾಧೀನಕ್ಕೆ ಬಂದಾಗ ತಡೆದು ನಿಯಮ 97ರಿಂದ 101ರವರೆಗಿನ ಅವಕಾಶ ಬಳಸುವುದು ಉಳಿದಿರುತ್ತದೆ. ಅವರು ಸ್ವಾಧೀನ ಕೇಳಲು ಹರಾಜು ಖಾಯಂ ಆದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು.

ಜಪ್ತಿಗೆ ಮುಂಚೆ ಕರಾರು ಮಾಡಿಕೊಂಡು ಜಪ್ತಿಯ ಆಮೇಲೆ ಕ್ರಯ ಮಾಡಿಸಿಕೊಂಡವರಿಗೆ ರಕ್ಷಣೆ ಇರುವುದು ಆ ಕರಾರು ಜಪ್ತಿಗೆ ಮುಂಚೆಯೇ ನೋಂದಣಿಯಾಗಿದ್ದರೆ. ನೂರು ರೂಪಾಯಿ ಛಾಪಾಕಾಗದದ ಅಗ್ರಿಮೆಂಟು ಇಲ್ಲಿ ಕೆಲಸಕ್ಕೆ ಬರುವುದಿಲ್ಲ.

ಅಪ್ಪ ಮಾಡಿದ ಸಾಲಕ್ಕೆ ಮಕ್ಕಳ ಆಸ್ತಿ ಹೋಗುತ್ತದಾ?

ಅಪ್ಪ ತೀರಿಕೊಂಡಿದ್ದರೆ ಅವರಿಂದ ನಿಮಗೆ ಬಂದ ಆಸ್ತಿಯ ಮಟ್ಟಿಗೆ ಮಾತ್ರ ನಿಮ್ಮ ಹೊಣೆ. ನೀವೇ ದುಡಿದು ಕೊಂಡ ನಿವೇಶನವನ್ನು ಮುಟ್ಟುವಂತಿಲ್ಲ. ಮಗ ಎಂಬ ಒಂದೇ ಕಾರಣಕ್ಕೆ ಅಪ್ಪನ ಸಾಲ ತೀರಿಸುವುದು ಧರ್ಮ ಎಂಬ ಹಳೆಯ ಹಿಂದೂ ಕಾನೂನಿನ ತತ್ವವನ್ನು 9 ಸೆಪ್ಟೆಂಬರ್ 2005ರಿಂದ ಕೋರ್ಟುಗಳು ಮಾನ್ಯ ಮಾಡುವಂತಿಲ್ಲ. ಅದಕ್ಕಿಂತ ಹಿಂದಿನ ಸಾಲಗಳಿಗೆ ಹಳೆಯ ನಿಯಮವೇ.

ನಮ್ಮದು ಅಡಮಾನದ ಡಿಕ್ರಿ. ಇದೇ ಗಡುವುಗಳೇ?

ಒಂದು ಅನುಕೂಲ ಹೆಚ್ಚಿದೆ. ಆದೇಶ 34 ನಿಯಮ 5ರ ಪ್ರಕಾರ ಹರಾಜು ದೃಢೀಕರಣವಾಗುವವರೆಗೆ ಯಾವಾಗ ಬೇಕಾದರೂ ಬಾಕಿ ಮತ್ತು ಖರೀದಿ ಬೆಲೆಯ ಶೇಕಡ 5 ಕಟ್ಟಿ ಆಸ್ತಿ ಬಿಡಿಸಿಕೊಳ್ಳಬಹುದು. 60 ದಿನ ದಾಟಿದ್ದರೂ ದೃಢೀಕರಣ ಆಗಿಲ್ಲವಾದರೆ ಓಡಿ.

ಬ್ಯಾಂಕಿನವರು ಕೋರ್ಟಿಗೇ ಹೋಗದೆ ಹರಾಜು ಹಾಕಿದ್ದಾರಲ್ಲ?

ಅದು 2002ರ ಸರ್ಫೇಸಿ ಕಾಯ್ದೆ. ಸಿವಿಲ್ ಕೋರ್ಟಿಗೆ ಅಲ್ಲಿ ಪ್ರವೇಶವಿಲ್ಲ. 60 ದಿನದ ಬೇಡಿಕೆ ನೋಟಿಸ್ ಬಂದಾಗ ಲಿಖಿತ ಆಕ್ಷೇಪಣೆ ಕೊಡಿ, ಬ್ಯಾಂಕು 15 ದಿನದಲ್ಲಿ ಉತ್ತರಿಸಬೇಕು. ಸ್ವಾಧೀನದ ಕ್ರಮ ಆದ 45 ದಿನದೊಳಗೆ ಬೆಂಗಳೂರಿನ ಸಾಲ ವಸೂಲಾತಿ ನ್ಯಾಯಮಂಡಳಿಗೆ ಕಲಂ 17ರ ಅರ್ಜಿ ಹಾಕಬೇಕು. ಕೃಷಿ ಜಮೀನಿಗೆ ಈ ಕಾಯ್ದೆ ಅನ್ವಯಿಸುವುದಿಲ್ಲ. ಹಣ ಕಟ್ಟಿ ಬಿಡಿಸಿಕೊಳ್ಳುವ ಹಕ್ಕು ಇಲ್ಲಿ ಹರಾಜು ಪ್ರಕಟಣೆ ಹೊರಬೀಳುವವರೆಗೆ ಮಾತ್ರ. 2016ರ ತಿದ್ದುಪಡಿ ಹಾಗೆ ಮಾಡಿತು, 2023ರಲ್ಲಿ ಸುಪ್ರೀಂ ಕೋರ್ಟೂ ಅದನ್ನೇ ಎತ್ತಿಹಿಡಿಯಿತು. ಹರಾಜಿನ ಆಮೇಲೆ 60 ದಿನ ಇದೆ ಎಂದುಕೊಂಡು ಕೂತರೆ ಕೆಟ್ಟಿರಿ. ಸಹಕಾರ ಸಂಘದ ಸಾಲಕ್ಕೆ 1959ರ ಕರ್ನಾಟಕ ಸಹಕಾರ ಸಂಘಗಳ ಕಾಯ್ದೆಯ ದಾರಿ ಬೇರೆಯೇ ಇದೆ.

ದುಬೈನಲ್ಲಿದ್ದೇನೆ. ಅಲ್ಲಿನ ಬ್ಯಾಂಕ್ ಸಾಲಕ್ಕೆ ಊರಿನ ಮನೆ ಹರಾಜಾಗಬಹುದೇ?

ಆಗಬಹುದು. ಉಡುಪಿ, ಭಟ್ಕಳ, ಮಂಗಳೂರು ಕಡೆಯವರು ಇದನ್ನು ಗಮನಿಸಬೇಕು. ಕೇಂದ್ರ ಸರ್ಕಾರ 2020ರ ಜನವರಿಯಲ್ಲಿ ಸಂಯುಕ್ತ ಅರಬ್ ಎಮಿರೇಟ್ಸ್ ಅನ್ನು ಕಲಂ 44ಎ ಪಟ್ಟಿಗೆ ಸೇರಿಸಿದ ಮೇಲೆ ಅಲ್ಲಿನ ಹೆಸರಿಸಿದ ಕೋರ್ಟುಗಳ ಹಣದ ಡಿಕ್ರಿಯನ್ನು ಇಲ್ಲಿನ ಜಿಲ್ಲಾ ನ್ಯಾಯಾಲಯದಲ್ಲಿ ನೇರವಾಗಿ ಜಾರಿಗೆ ತರಬಹುದು. ಕಲಂ 13ರ ಆಕ್ಷೇಪಗಳು ನಿಮಗೆ ಉಳಿದಿವೆ: ನಿಮ್ಮ ಮಾತು ಕೇಳುವ ಅವಕಾಶ ಕೊಡದೆ, ಪ್ರಕರಣದ ತಿರುಳನ್ನು ನೋಡದೆ ಅಥವಾ ವಂಚನೆಯಿಂದ ಪಡೆದ ತೀರ್ಪು ಇಲ್ಲಿ ನಡೆಯುವುದಿಲ್ಲ. ಅಮೆರಿಕ ಆ ಪಟ್ಟಿಯಲ್ಲಿಲ್ಲ, ಅಲ್ಲಿನ ತೀರ್ಪಿಗೆ ಇಲ್ಲಿ ಹೊಸ ದಾವಾವನ್ನೇ ಹಾಕಬೇಕು.

ಹೊರದೇಶದಿಂದ ಕೇಸು ನಡೆಸಲು ಅಧಿಕಾರ ಪತ್ರವನ್ನು ಭಾರತೀಯ ದೂತಾವಾಸದಲ್ಲಿ ದೃಢೀಕರಿಸಿ ಕಳಿಸಿ, ಅದು ಇಲ್ಲಿಗೆ ತಲುಪಿದ ಮೂರು ತಿಂಗಳೊಳಗೆ ಮುದ್ರಾಂಕ ಶುಲ್ಕ ಕಟ್ಟಿಸಿ.

ವಕೀಲರಿಗೆ ಕೊಡಲು ಹಣವಿಲ್ಲ. ಹೋಗುವಾಗ ಏನೇನು ಒಯ್ಯಬೇಕು?

ನಿಮ್ಮ ತಾಲೂಕು ಕೋರ್ಟಿನಲ್ಲೇ ಕಾನೂನು ಸೇವಾ ಸಮಿತಿ ಇರುತ್ತದೆ. ಮಹಿಳೆಯರಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯ ನೋಡದೆ ಉಚಿತ ವಕೀಲರನ್ನು ಕೊಡುತ್ತಾರೆ. ಉಳಿದ ಹೆಚ್ಚಿನವರಿಗೆ ಆದಾಯ ಮಿತಿಯಿದೆ. ಸಹಾಯವಾಣಿ 15100.

ಒಯ್ಯಬೇಕಾದದ್ದು: ಡಿಕ್ರಿಯ ನಕಲು, ಬಂದ ನೋಟಿಸ್‌ಗಳೆಲ್ಲ, ಕ್ರಯಪತ್ರ ಅಥವಾ ಮಂಜೂರಾತಿ ಆದೇಶ, ಈಚಿನ ಪಹಣಿ ಅಥವಾ ಖಾತೆ, ಋಣಭಾರ ಪತ್ರ, ಹಣ ಕೊಟ್ಟ ರಸೀದಿಗಳು. ಏನೂ ಇಲ್ಲದಿದ್ದರೆ ಇ.ಪಿ. ನಂಬರಾದರೂ ಇರಲಿ. 16 ಅಂಕಿ, ಅಕ್ಷರದ ಸಿಎನ್‌ಆರ್ ಸಂಖ್ಯೆ (ಪ್ರತಿ ಕೇಸಿನ ಗುರುತಿನ ಸಂಖ್ಯೆ) ಇದ್ದರೆ ಇಕೋರ್ಟ್ಸ್ ತಾಣದಲ್ಲಿ ಮುಂದಿನ ವಾಯಿದಾ ಯಾವಾಗ, ಹಿಂದಿನ ಸಲ ಏನು ಆದೇಶವಾಯಿತು ಎಂಬುದನ್ನು ನೀವೇ ಮೊಬೈಲಿನಲ್ಲಿ ನೋಡಬಹುದು. ‘ಸೇಲ್ ಪ್ರೊಕ್ಲಮೇಷನ್’ (ಹರಾಜು ಘೋಷಣೆ) ಎಂಬ ಪದ ಅಲ್ಲಿ ಕಂಡರೆ ಮುಂದಿನ ವಾಯಿದಾವರೆಗೆ ಕಾಯದೆ ಮರುದಿನವೇ ಹೋಗಿ.